ಬೆಳಕಿಂಡಿಯ ಗಿಡ

ಬಾಗಲಕೋಟೆಯಿಂದ ಕಲಾದಗಿಯ ಕಡೆಗೆ ಹೋಗುವ ದಾರಿಯಲ್ಲಿ ತುಳಸಿಗೇರಿ ಎಂಬ ಊರು ಸಿಕ್ಕುತ್ತದೆ. ಹನುಮಪ್ಪನ ಗುಡಿಯಿಂದಾಗಿ ಸುತ್ತಣ ಸೀಮೆಗೆಲ್ಲ ಪರಿಚಿತವಾದ ಹೆಸರು. ಈ ಕಡೆಯ ಹಳೆಯ ಮನೆಗಳನ್ನು ಹೊಕ್ಕು ಕಂಡವರಿಗೆ ಒಂದು ಸಂಗತಿ ನೆನಪಿರಬಹುದು. ಗೋಡೆಗಳು ಬಲು ದಪ್ಪ. ಹೊರಮೈಗೆ ಕಿಟಕಿಗಳು ಅಪರೂಪ. ಮೇಲೆ ತೊಲೆ ಜಂತಿಗಳನ್ನು ಜೋಡಿಸಿ ಮಣ್ಣು ಹಾಸಿದ ಮಾಳಿಗೆ. ಬೇಸಗೆಯ ಮಧ್ಯಾಹ್ನ ಹೊರಗೆ ನೆಲ ಕಾದ ಹಂಚಿನಂತಿರುವಾಗಲೂ ಒಳಗೆ ತಂಪು. ಹಾಗೆಂದು ಒಳಗೆಲ್ಲ ಕತ್ತಲೆಯೆ? ಅಲ್ಲ. ಮಾಳಿಗೆಯ ನಡುವೆ ಒಂದು ಸಣ್ಣ ಕಿಂಡಿಯುಂಟು. ಅದೇ ಬೆಳಕಿಂಡಿ. ಅದರಿಂದ ಕೋಲಿನಂತೆ ಇಳಿದ ಬಿಸಿಲು ನೆಲವನ್ನು ಮುಟ್ಟಿ, ಚದರಿ, ಅಡುಗೆಮನೆಯ ಮೂಲೆಯವರೆಗೂ ಮಂದವಾದ ಬೆಳಕನ್ನು ಹಂಚುತ್ತದೆ. ಬಿಸಿಲು ಬೇಡ, ಬೆಳಕು ಬೇಕು ಎಂಬ ಇಕ್ಕಟ್ಟಿಗೆ ಬಯಲುಸೀಮೆಯ ಮನುಷ್ಯ ಕಂಡುಕೊಂಡ ಉತ್ತರ ಇದು.

ಆದರೆ ಈ ಉತ್ತರವನ್ನು ಕಂಡುಕೊಂಡವರಲ್ಲಿ ಮನುಷ್ಯ ಮೊದಲಿಗನಲ್ಲ. ಆಫ್ರಿಕ ಖಂಡದ ದಕ್ಷಿಣ ತುದಿಯಲ್ಲಿ, ಕಲ್ಲಿನ ಸಂದಿಗಳಲ್ಲಿಯೂ ಕುರುಚಲು ಪೊದೆಗಳ ನೆರಳಿನಲ್ಲಿಯೂ ಬಾಳುವ ಒಂದು ಪುಟ್ಟ ಗಿಡ ಇದೇ ಬಗೆಯ ಮನೆಯನ್ನು ಕಟ್ಟಿಕೊಂಡಿದೆ. ಗೋಡೆ, ಮಾಳಿಗೆ, ಬೆಳಕಿಂಡಿ, ನೀರಿನ ಹಗೇವು ಎಲ್ಲವೂ ಅದರ ಒಂದೊಂದು ಎಲೆಯಲ್ಲಿಯೇ ಅಡಗಿವೆ.

ಇದರ ಹೆಸರು ಹಾವರ್ಥಿಯ. ಹಾವಿಗೂ ಇದಕ್ಕೂ ಸಂಬಂಧವಿಲ್ಲ; ಆ ಮಾತು ಮುಂದೆ ಬರುತ್ತದೆ. ಈ ಕುಲದ ಹಲವು ಪ್ರಭೇದಗಳಲ್ಲಿ ಇಂದು ಬೆಂಗಳೂರು, ಮೈಸೂರು, ಹುಬ್ಬಳ್ಳಿಗಳ ಸಸಿಮಾರುವ ಅಂಗಡಿಗಳಲ್ಲಿ ಪುಟ್ಟ ಕುಂಡದೊಳಗೆ ಕುಳಿತು ದಾರಿಹೋಕರ ಕಣ್ಣು ಸೆಳೆಯುವುದು ಹಾವರ್ಥಿಯ ಕೂಪರಿ ಎಂಬುದು. ಕಾಂಡವೆಂಬುದು ಇಲ್ಲವೇ ಇಲ್ಲ ಎನ್ನಬೇಕು. ಗುಂಡುಗುಂಡಾದ ಎಲೆಗಳು ಒಂದನ್ನೊಂದು ಒತ್ತಿಕೊಂಡು, ಅಂಗೈಯಲ್ಲಿ ಹಿಡಿಯಬಹುದಾದ ಗುಲಾಬಿಯಂತೆ ಸುತ್ತುಗಟ್ಟಿ ನಿಲ್ಲುತ್ತವೆ. ಎಲೆಯ ಬುಡ ಹಸಿರು. ತುದಿಯ ಕಡೆಗೆ ಬಂದಂತೆ ಹಸಿರು ತಿಳಿಯಾಗಿ, ಕೊನೆಗೆ ಗಾಜಿನಂತೆ ಪಾರದರ್ಶಕವಾಗುತ್ತದೆ. ಆ ಗಾಜಿನೊಳಗೆ ಹಸಿರು ಗೆರೆಗಳು ಎಳೆಎಳೆಯಾಗಿ ಕಾಣುತ್ತವೆ. ಬಿಸಿಲಿಗೆ ಎತ್ತಿ ಹಿಡಿದರೆ ವಿಜಯಪುರದ ತಿಳಿಹಸಿರು ದ್ರಾಕ್ಷಿಯ ಗೊಂಚಲೊಂದು ಬೇರು ಬಿಟ್ಟು ಮಣ್ಣಿನಲ್ಲಿ ಕುಳಿತಿದೆಯೋ ಎಂಬ ಭ್ರಮೆ. ತಾಯಿಗಿಡದ ಬುಡದಲ್ಲಿ ವರ್ಷವರ್ಷವೂ ಮರಿಗಳು ಹುಟ್ಟಿ, ಕೆಲವು ವರ್ಷಗಳಲ್ಲಿ ಕುಂಡದ ಅಂಚು ಕಾಣದಂತೆ ಒಂದು ಸಂಸಾರವೇ ನೆರೆದುಬಿಡುತ್ತದೆ.

ಕುಂಡದಲ್ಲಿ ಕಾಣುವ ರೂಪವೇ ಅದರ ನಿಜವಾದ ರೂಪವಲ್ಲ. ತವರಿನಲ್ಲಿ ಈ ಗಿಡ ನೆಲದ ಮೇಲೆ ಹೀಗೆ ಮೈದೋರಿ ಕುಳಿತಿರುವುದಿಲ್ಲ. ಅದರ ಬೇರುಗಳಿಗೆ ಒಂದು ವಿಚಿತ್ರ ಶಕ್ತಿಯಿದೆ: ಒಣಗಾಲ ಬಂದಾಗ ಅವು ಸುಕ್ಕುಗಟ್ಟಿ ಮೋಟಾಗುತ್ತವೆ, ಮೋಟಾಗುತ್ತ ಗಿಡವನ್ನು ಮಣ್ಣಿನೊಳಕ್ಕೆ ಎಳೆದುಕೊಳ್ಳುತ್ತವೆ. ಕೊನೆಗೆ ನೆಲದ ಮಟ್ಟದಲ್ಲಿ ಉಳಿಯುವುದು ಎಲೆಗಳ ಗಾಜಿನ ತುದಿಗಳು ಮಾತ್ರ. ಅವುಗಳ ಮೇಲೂ ಧೂಳು ಮರಳು ಕವಿದಿದ್ದರೆ, ಪಕ್ಕದಲ್ಲಿಯೇ ಕಾಲಿಟ್ಟವನಿಗೂ ಅಲ್ಲಿ ಒಂದು ಜೀವವಿದೆಯೆಂಬ ಸುಳಿವು ಸಿಕ್ಕುವುದಿಲ್ಲ. ಮೇಯಲು ಬಂದ ಪ್ರಾಣಿಗೂ ಅಷ್ಟೆ.

ಹೂತುಹೋದ ಗಿಡ ಉಣ್ಣುವುದು ಹೇಗೆ? ಎಲೆಗೆ ಬೆಳಕು ಬೇಕಲ್ಲವೆ? ಇಲ್ಲಿಯೇ ಬೆಳಕಿಂಡಿಯ ಚಮತ್ಕಾರ. ಮಾವು ಬೇವುಗಳ ಎಲೆಯಲ್ಲಿ ಹಸಿರಿನ ಕಣಗಳು ಮೇಲ್ಮೈಯ ಕೆಳಗೇ ಒತ್ತಾಗಿ ಜೋಡಿಸಿರುತ್ತವೆ. ಹಾವರ್ಥಿಯದ ಎಲೆಯ ತುದಿಯಲ್ಲಿ ಅವು ಇಲ್ಲ, ಇದ್ದರೂ ವಿರಳ. ಅಲ್ಲಿ ಬಿದ್ದ ಬೆಳಕು ತಡೆಯಿಲ್ಲದೆ ಒಳಗಿಳಿಯುತ್ತದೆ. ಎಲೆಯ ನಡುಭಾಗವೆಲ್ಲ ನೀರು ತುಂಬಿದ, ಬಣ್ಣವಿಲ್ಲದ ದೊಡ್ಡ ಕೋಶಗಳು. ಬೆಳಕು ಈ ನೀರಿನ ಮೂಲಕ ಹಾಯುವಾಗ ಚದರಿ ಮೃದುವಾಗುತ್ತದೆ. ನೀರಿನ ಈ ತಿರುಳನ್ನು ಸುತ್ತುವರಿದು, ಎಲೆಯ ಒಳಗೋಡೆಗೆ ಬಳಿದ ಹಾಗೆ, ಹಸಿರು ಕೋಶಗಳ ತೆಳುವಾದ ಪದರವಿದೆ. ಆಹಾರ ತಯಾರಾಗುವ ಅಡುಗೆಮನೆ ಅದೇ. ಮಣ್ಣಿನಡಿಯಲ್ಲಿ, ತಂಪಿನಲ್ಲಿ ಕುಳಿತು, ಮಾಳಿಗೆಯಿಂದಿಳಿದ ಬೆಳಕಿನಲ್ಲಿ ಅದು ತನ್ನ ಕೆಲಸ ನಡೆಸುತ್ತದೆ. ನೀರಿನ ಭಂಡಾರವೂ ಬೆಳಕಿನ ದಾರಿಯೂ ಒಂದೇ ಆಗಿರುವ ಈ ಮಿತವ್ಯಯವನ್ನು ಯಾವ ವಾಸ್ತುಶಿಲ್ಪಿಯಾದರೂ ಮೆಚ್ಚಲೇಬೇಕು.

ಈ ಉಪಾಯ ಒಂದೇ ವಂಶದ ಸ್ವತ್ತೂ ಅಲ್ಲ. ಅದೇ ದಕ್ಷಿಣ ಆಫ್ರಿಕದಲ್ಲಿ, ಹಾವರ್ಥಿಯಕ್ಕೆ ನೆಂಟಸ್ತಿಕೆಯೇ ಇಲ್ಲದ ಲಿಥಾಪ್ಸ್ ಎಂಬ ಗಿಡವುಂಟು. ಅದು ಬೆಣಚುಕಲ್ಲುಗಳ ನಡುವೆ ಬೆಣಚುಕಲ್ಲಿನಂತೆಯೇ ಬಿದ್ದಿರುತ್ತದೆ. 1811ರಲ್ಲಿ ಬರ್ಚೆಲ್ ಎಂಬ ಪ್ರವಾಸಿ ವಿಚಿತ್ರವಾದ ಕಲ್ಲೆಂದು ಭಾವಿಸಿ ನೆಲದಿಂದ ಎತ್ತಿದಾಗಲೇ ಅದು ಗಿಡವೆಂದು ಅವನಿಗೆ ತಿಳಿದುದು. ಫೆನೆಸ್ಟ್ರೇರಿಯ ಎಂಬ ಇನ್ನೊಂದರ ಹೆಸರಿನಲ್ಲಿಯೇ ಕಿಟಕಿ ಇದೆ. ಲ್ಯಾಟಿನ್ ಭಾಷೆಯಲ್ಲಿ ಫೆನೆಸ್ಟ್ರ ಎಂದರೆ ಕಿಟಕಿ. ಒಂದೇ ಕಷ್ಟಕ್ಕೆ ಬೇರೆಬೇರೆ ಮನೆತನದವರು ಬೇರೆಬೇರೆಯಾಗಿ ಯೋಚಿಸಿ ಒಂದೇ ಉತ್ತರಕ್ಕೆ ಬಂದ ಹಾಗಾಯಿತು.

ಹುಳಿಯಾಗುವ ಎಲೆ

ಬೆಳಕಿನ ಸಮಸ್ಯೆ ಹೀಗೆ ಬಗೆಹರಿಯಿತು. ನೀರಿನ ಸಮಸ್ಯೆ ಇನ್ನೂ ದೊಡ್ಡದು. ಗಿಡಗಳು ಗಾಳಿಯಿಂದ ಇಂಗಾಲದ ಡೈಆಕ್ಸೈಡನ್ನು ಹೀರುವುದು ಎಲೆಯ ಸೂಕ್ಷ್ಮ ರಂಧ್ರಗಳ ಮೂಲಕ. ರಂಧ್ರ ತೆರೆದೊಡನೆ ಒಳಗಿನ ನೀರು ಆವಿಯಾಗಿ ಹೊರಟುಹೋಗುತ್ತದೆ. ಒಂದು ಗ್ರಾಂ ಡೈಆಕ್ಸೈಡನ್ನು ಗಳಿಸಲು ಭತ್ತ ಗೋಧಿಗಳಂಥ ಗಿಡ 400ರಿಂದ 500 ಗ್ರಾಂ ನೀರನ್ನು ಕಳೆದುಕೊಳ್ಳುತ್ತದೆ. ಬರದ ನಾಡಿನ ಗಿಡ ಇಂಥ ದುಂದುವೆಚ್ಚ ಮಾಡಿದರೆ ವಾರದೊಳಗೆ ದಿವಾಳಿ. ಆದುದರಿಂದ ಹಾವರ್ಥಿಯ ಹಗಲಿನಲ್ಲಿ ಬಾಗಿಲು ತೆರೆಯುವುದೇ ಇಲ್ಲ. ರಾತ್ರಿ ಗಾಳಿ ತಂಪಾದ ಮೇಲೆ ರಂಧ್ರಗಳನ್ನು ತೆರೆದು ಡೈಆಕ್ಸೈಡನ್ನು ಒಳಗೆ ತೆಗೆದುಕೊಳ್ಳುತ್ತದೆ. ಆದರೆ ರಾತ್ರಿ ಬೆಳಕಿಲ್ಲ; ಅಡುಗೆಯಾಗದು. ಅದಕ್ಕಾಗಿ ತಂದ ಸಾಮಗ್ರಿಯನ್ನು ಮ್ಯಾಲಿಕ್ ಆಮ್ಲ ಎಂಬ ಹುಳಿಯ ರೂಪದಲ್ಲಿ ಕೋಶಗಳೊಳಗೆ ಕೂಡಿಡುತ್ತದೆ. ಬೆಳಗಾದೊಡನೆ ರಂಧ್ರ ಮುಚ್ಚಿ, ಕೂಡಿಟ್ಟ ಹುಳಿಯನ್ನು ಒಡೆದು, ಡೈಆಕ್ಸೈಡನ್ನು ಬಿಡಿಸಿಕೊಂಡು ಬಿಸಿಲಿನಲ್ಲಿ ಸಕ್ಕರೆ ಮಾಡಿಕೊಳ್ಳುತ್ತದೆ. ಈ ಬಗೆಯ ಗಿಡಗಳಿಗೆ ಅದೇ ಒಂದು ಗ್ರಾಂ ಗಳಿಸಲು ತಗಲುವ ನೀರು 50ರಿಂದ 100 ಗ್ರಾಂ ಮಾತ್ರ.

ಈ ರಹಸ್ಯದ ಮೊದಲ ಎಳೆಗಳಲ್ಲಿ ಒಂದನ್ನು ಹಿಡಿದವನಿಗೂ ನಮ್ಮ ನಾಡಿಗೂ ನಂಟಿದೆಯೆಂದರೆ ಓದುಗರಿಗೆ ಆಶ್ಚರ್ಯವಾದೀತು. ಟೀಪೂ ಸುಲ್ತಾನನು 1799ರಲ್ಲಿ ಮಡಿದ ಬಳಿಕ ಬೆಂಗಳೂರಿನ ಲಾಲ್‌ಬಾಗ್ ಈಸ್ಟ್ ಇಂಡಿಯಾ ಕಂಪನಿಯ ಕೈಸೇರಿತು. ಅದರ ಉಸ್ತುವಾರಿ ಕೆಲಕಾಲ ಬೆಂಜಮಿನ್ ಹೇನ್ ಎಂಬವನದಾಗಿತ್ತು. ಹುಟ್ಟಿನಿಂದ ಜರ್ಮನ್, ಮಿಷನರಿಯಾಗಿ ಬಂದು ಕಂಪನಿಯ ಸಸ್ಯವಿಜ್ಞಾನಿಯಾದವನು, ಮೆಕೆಂಜಿಯ ಮೈಸೂರು ಸರ್ವೆಯಲ್ಲಿ ಕನ್ನಡ ನೆಲವನ್ನು ಸುತ್ತಿದವನು. ಈತನಿಗೆ ಗಿಡಗಳನ್ನು ಕಣ್ಣಿನಿಂದ ನೋಡಿದರಷ್ಟೇ ಸಾಲದು, ನಾಲಗೆಯಿಂದಲೂ ನೋಡಬೇಕು. ಅಂಚಿನಲ್ಲಿ ಮರಿಸಸಿ ಹುಟ್ಟಿಸುವ ದಪ್ಪ ಎಲೆಯ ಕಾಡುಬಸಳೆಯನ್ನು ಮಕ್ಕಳೆಲ್ಲರೂ ಕಂಡಿದ್ದಾರೆ. ಪುಸ್ತಕದ ನಡುವೆ ಇಟ್ಟು ಮೊಳಕೆ ಕಾಯುವ ಎಲೆ ಅದೇ. ಹೇನ್ ಭಾರತದಲ್ಲಿದ್ದಾಗ ಅದರ ಎಲೆಯನ್ನು ಅಗಿದು ನೋಡಿದ. ಮುಂಜಾನೆ ಹುಳಿ, ಹೊತ್ತು ಏರಿದಂತೆ ಹುಳಿ ಇಳಿದು ಮಧ್ಯಾಹ್ನಕ್ಕೆ ಸಪ್ಪೆ, ಸಂಜೆಗೆ ತುಸು ಕಹಿ. ಒಂದೇ ಗಿಡ, ಒಂದೇ ದಿನ, ಮೂರು ರುಚಿ! 1813ರಲ್ಲಿ ಲಂಡನ್ನಿನಿಂದ ಬರೆದ ಕಾಗದವೊಂದರಲ್ಲಿ ಅವನು ಈ ಸಂಗತಿಯನ್ನು ತಿಳಿಸಿದ. ಅಲ್ಲಿಯ ಲಿನ್ನಿಯನ್ ಸೊಸೈಟಿ 1815ರಲ್ಲಿ ಅದನ್ನು ಅಚ್ಚುಮಾಡಿತು. ಆ ಹುಳಿಯ ಕಾರಣ ಪೂರ್ತಿಯಾಗಿ ತಿಳಿಯಲು ವಿಜ್ಞಾನಿಗಳಿಗೆ ಒಂದು ಶತಮಾನಕ್ಕೂ ಮಿಕ್ಕಿ ಕಾಲ ಹಿಡಿಯಿತು. ಹೇನ್ 1819ರಲ್ಲಿಯೇ ಮದರಾಸಿನಲ್ಲಿ ತೀರಿಕೊಂಡಿದ್ದ. (ಈ ಪರೀಕ್ಷೆಯನ್ನು ಮನೆಯಲ್ಲಿ ಮಾಡಹೊರಡುವ ಬಾಲಕರಿಗೆ ಒಂದು ಎಚ್ಚರಿಕೆ: ಕಾಡುಬಸಳೆಯಲ್ಲಿ ವಿಷದ ಅಂಶವುಂಟು. ನಾಲಗೆಯ ಬದಲು ಶಾಲೆಯ ಲಿಟ್ಮಸ್ ಕಾಗದವೇ ಮೇಲು.)

ಗೃಹಿಣಿಯರಿಗೆ ಇನ್ನೂ ಹತ್ತಿರದ ಉದಾಹರಣೆ ಬೇಕಾದರೆ ಗೋಣಿಸೊಪ್ಪು ಇದೆ. ನೀರು ಯಥೇಚ್ಛವಾಗಿರುವಾಗ ಅದು ಇತರ ಸೊಪ್ಪುಗಳಂತೆಯೇ ಬಾಳುತ್ತದೆ. ನೀರು ಕಡಮೆಯಾಯಿತೋ, ಈ ರಾತ್ರಿಯ ದಾರಿ ಹಿಡಿಯುತ್ತದೆ. ಬೆಳಗ್ಗೆ ಕಿತ್ತ ಸೊಪ್ಪು ಸಂಜೆ ಕಿತ್ತದ್ದಕ್ಕಿಂತ ಹುಳಿಯಾಗಿರುವುದು ಇದರಿಂದಲೇ.

ಲೋಳೆಸರದ ಮಾತನ್ನು ಬಿಡುವಂತಿಲ್ಲ. ದೃಷ್ಟಿ ತಾಕದಿರಲೆಂದು ಬಾಗಿಲ ಮೇಲೆ ಲೋಳೆಸರದ ಗಿಡವನ್ನು ಬೇರುಸಹಿತ ತಲೆಕೆಳಗಾಗಿ ಕಟ್ಟುವ ವಾಡಿಕೆ ನಮ್ಮಲ್ಲಿ ಅನೇಕ ಕಡೆ ಇದೆ. ಮಣ್ಣಿಲ್ಲ, ನೀರಿಲ್ಲ, ಆದರೂ ಅದು ತಿಂಗಳುಗಟ್ಟಲೆ ಸಾಯುವುದಿಲ್ಲ. ದೈವಬಲವೆಂದು ನಂಬಿದವರ ನಂಬಿಕೆಯನ್ನು ಕೆದಕಬೇಕಾಗಿಲ್ಲ. ಸಸ್ಯಶಾಸ್ತ್ರದ ವಿವರಣೆಯೂ ಅಷ್ಟೇ ಸೊಗಸಾಗಿದೆ. ಕಷ್ಟ ಮಿತಿಮೀರಿದಾಗ ಲೋಳೆಸರ ಹಗಲೂ ರಾತ್ರಿಯೂ ಬಾಗಿಲು ಹಾಕಿಬಿಡುತ್ತದೆ. ತಾನು ಉಸಿರಾಡಿ ಬಿಟ್ಟ ಡೈಆಕ್ಸೈಡನ್ನೇ ಒಳಗೊಳಗೇ ಹುಳಿಯಾಗಿಸಿ, ಮತ್ತೆ ಬಿಡಿಸಿ, ಮತ್ತೆ ಬಳಸುತ್ತ, ಬೆಳೆಯದೆ, ಆದರೆ ಸಾಯದೆ, ಮಳೆಯನ್ನು ಕಾಯುತ್ತದೆ. ಲೋಳೆಸರ ಹಾವರ್ಥಿಯಗಳು ಒಂದೇ ಕುಟುಂಬದವು. ಲಿನೇಯಸ್ ಪಂಡಿತ 1753ರಲ್ಲಿ ತನ್ನ ಮಹಾಗ್ರಂಥವನ್ನು ಪ್ರಕಟಿಸಿದಾಗ ಇವೆರಡನ್ನೂ ಆಲೋ ಎಂಬ ಒಂದೇ ಕುಲದಲ್ಲಿ ಇಟ್ಟಿದ್ದನು. ತುಳಸಿಗೇರಿಯ ಬಾಗಿಲಿಗೆ ತೂಗಿದ ಲೋಳೆಸರವೂ ಆಫ್ರಿಕದ ಕಲ್ಲಿನ ಸಂದಿಯ ಗಾಜಿನೆಲೆಯೂ ದಾಯಾದಿಗಳು!

ಚಿಟ್ಟೆಗಳ ಪಂಡಿತ

ಆಲೋದಿಂದ ಈ ಸಣ್ಣ ಗಿಡಗಳನ್ನು ಬೇರ್ಪಡಿಸಿದವನು ಫ್ರಾನ್ಸಿನ ಡ್ಯುವಾಲ್. 1809ರಲ್ಲಿ ಹೊಸ ಕುಲವನ್ನು ಸ್ಥಾಪಿಸಿ, ಅದಕ್ಕೆ ಇಂಗ್ಲೆಂಡಿನ ಏಡ್ರಿಯನ್ ಹಾರ್ಡಿ ಹಾವರ್ಥ್ ಎಂಬವನ ಹೆಸರಿಟ್ಟ. ಹಾವರ್ಥ್ ಕಲಿತದ್ದು ಕಾನೂನು. ಒಲಿದದ್ದು ಚಿಟ್ಟೆಗಳು ಮತ್ತು ರಸಭರಿತ ಗಿಡಗಳು. ಬ್ರಿಟನ್ನಿನ ಚಿಟ್ಟೆ ಪತಂಗಗಳ ಮೇಲೆ ಆತ 1803ರಿಂದ 1828ರವರೆಗೆ ಬಿಡಿಬಿಡಿಯಾಗಿ ಪ್ರಕಟಿಸಿದ ಗ್ರಂಥ ಬಹುಕಾಲ ಪ್ರಮಾಣವಾಗಿತ್ತು. ಲಂಡನ್ ಬಳಿಯ ಚೆಲ್ಸಿಯಲ್ಲಿ ಕುಳಿತು, ಹಡಗುಗಳಲ್ಲಿ ಬಂದ ದೂರದೇಶದ ಗಿಡಗಳನ್ನು ಕುಂಡಗಳಲ್ಲಿ ಸಾಕಿ, ಒಂದೊಂದಕ್ಕೂ ಹೆಸರು ಲಕ್ಷಣಗಳನ್ನು ಬರೆದಿಟ್ಟ. 1833ರಲ್ಲಿ ಕಾಲರಾ ಜಾಡ್ಯಕ್ಕೆ ತುತ್ತಾದ.

ಹಡಗುಗಳ ಮಾತು ಬಂದಿತು. ಈ ಗಿಡಗಳು ಯೂರೋಪನ್ನು ಮುಟ್ಟಿದ್ದು ಭಾರತದ ವ್ಯಾಪಾರದ ದೆಸೆಯಿಂದ. ಪೂರ್ವದೇಶಗಳಿಗೆ ಬರುವ ನಾವಿಕರಿಗೆ ನೀರು ತರಕಾರಿ ಒದಗಿಸಲೆಂದು 1652ರಲ್ಲಿ ಡಚ್ಚರು ಆಫ್ರಿಕದ ಕೇಪ್‌ನಲ್ಲಿ ನೆಲೆಯೂರಿದರು. ಅಲ್ಲಿ ತೋಟ ಹಾಕಿದವರ ಕಣ್ಣಿಗೆ ಸುತ್ತಲಿನ ವಿಚಿತ್ರ ಸಸ್ಯಗಳು ಬಿದ್ದವು. ಮೆಣಸು ಬಟ್ಟೆಗಳನ್ನು ತುಂಬಿಕೊಂಡು ಹಿಂದಿರುಗುವ ಹಡಗುಗಳು ಅವನ್ನೂ ಒಯ್ದವು. ತಿಂಗಳುಗಳ ಪಯಣದಲ್ಲಿ ನೀರಿಲ್ಲದೆ ಬದುಕಿ ದಡ ಸೇರಲು ಇವುಗಳಿಗಿಂತ ತಕ್ಕ ಗಿಡಗಳು ಬೇರೆ ಯಾವುವು?

ಕೂಪರಿ ಎಂಬ ಪ್ರಭೇದದ ಹೆಸರಿನ ಹಿಂದೆ ಇರುವವನು ಟಾಮಸ್ ಕೂಪರ್. ಇವನು ಪಂಡಿತನಲ್ಲ, ಗಿಡ ಹುಡುಕುವುದನ್ನೇ ಕಸುಬಾಗಿಸಿಕೊಂಡವನು. ವಿಲ್ಸನ್ ಸಾಂಡರ್ಸ್ ಎಂಬ ಧನಿಕನ ಪರವಾಗಿ 1859ರಿಂದ 1862ರವರೆಗೆ ದಕ್ಷಿಣ ಆಫ್ರಿಕದಲ್ಲಿ ಅಲೆದು ಗಿಡಗಳನ್ನು ಕಳುಹಿಸಿದ. ಅವುಗಳಲ್ಲೊಂದನ್ನು ಕ್ಯೂ ಉದ್ಯಾನದ ಬೇಕರ್ 1870ರಲ್ಲಿ ವರ್ಣಿಸಿ ಹಾವರ್ಥಿಯ ಕೂಪರಿ ಎಂದು ಕರೆದ. ಕೂಪರ್ 1913ರವರೆಗೆ, ತೊಂಬತ್ತೆಂಟು ವರ್ಷ ಬಾಳಿದ.

ಪಂಡಿತರ ಜಗಳ ಅಲ್ಲಿಗೆ ಮುಗಿಯಲಿಲ್ಲ. ಒಂದು ಗುಡ್ಡದ ಗಿಡ ಪಕ್ಕದ ಗುಡ್ಡದ್ದಕ್ಕಿಂತ ತುಸು ಬೇರೆ. ಒಂದರ ಎಲೆಯಂಚಿಗೆ ನವುರಾದ ಕೂದಲು, ಇನ್ನೊಂದು ಬೋಳು. ಒಂದು ಚೂಪು, ಒಂದು ದುಂಡು. ಇವೆಲ್ಲ ಬೇರೆ ಪ್ರಭೇದಗಳೋ, ಒಂದೇ ಪ್ರಭೇದದ ಹಲವು ಮುಖಗಳೋ? ದಕ್ಷಿಣ ಆಫ್ರಿಕದ ಬ್ರೂಸ್ ಬೇಯರ್ ದಶಕಗಳ ಕಾಲ ಗುಡ್ಡಗಳನ್ನು ಸುತ್ತಿ ಅನೇಕ ಹೆಸರುಗಳನ್ನು ಒಂದುಗೂಡಿಸಿದರು. ಒಪ್ಪದವರು ಮತ್ತೆ ಬಿಡಿಸಿದರು. 2013ರಲ್ಲಿ ಗಾರ್ಡನ್ ರೌಲಿ ಎಂಬ ಆಂಗ್ಲ ವಿದ್ವಾಂಸರು ಎಲೆ ಗಡುಸಾಗಿರುವ ಬಹುಪಾಲು ಬಂಧುಗಳನ್ನು ಹಾವರ್ಥಿಯಾಪ್ಸಿಸ್ ಎಂಬ ಬೇರೆ ಕುಲಕ್ಕೆ ಕಳುಹಿಸಿದರು. ಗಾಜಿನೆಲೆಯ ಮೆದು ಗಿಡಗಳು ಹಳೆಯ ಮನೆಯಲ್ಲಿಯೇ ಉಳಿದವು. ಅಂಗಡಿಯವರಿಗೆ ಈ ಪಾಲುಪಟ್ಟಿಯ ಸುದ್ದಿ ಇನ್ನೂ ಮುಟ್ಟಿದಂತಿಲ್ಲ.

ಪ್ರೀತಿಯಿಂದ ಸಾಯುವುದು

ಕೊಂಡು ತಂದ ಹಾವರ್ಥಿಯ ನಮ್ಮ ಮನೆಗಳಲ್ಲಿ ಸಾಮಾನ್ಯವಾಗಿ ಸಾಯುವುದು ಅಲಕ್ಷ್ಯದಿಂದಲ್ಲ. ತುಳಸಿಗೆ ನಿತ್ಯವೂ ನೀರೆರೆಯುವ ಕೈ ಪಕ್ಕದ ಪುಟ್ಟ ಕುಂಡವನ್ನು ಮರೆಯುವುದುಂಟೆ? ಅದಕ್ಕೂ ಒಂದು ತಂಬಿಗೆ. ಹದಿನೈದು ದಿನ ಗಿಡ ಹೊಳೆಹೊಳೆದು ಉಬ್ಬುತ್ತದೆ, ಮನೆಯವರಿಗೆ ಸಂತೋಷ. ಆಮೇಲೊಂದು ದಿನ ಹೊರಸುತ್ತಿನ ಎಲೆಯೊಂದು ಕಂದು ಬಣ್ಣಕ್ಕೆ ತಿರುಗಿ ಲೊಳಲೊಳ ಎನ್ನುತ್ತದೆ. ನೀರು ಸಾಲದೆಂದು ಇನ್ನೊಂದು ತಂಬಿಗೆ! ಮುಟ್ಟಿ ನೋಡುವ ವೇಳೆಗೆ ಗಿಡ ಬೇರಿಲ್ಲದೆ ಕೈಗೆ ಬರುತ್ತದೆ. ಬೇರಿಗೂ ಉಸಿರು ಬೇಕು. ಸದಾ ಒದ್ದೆಯಾದ ಮಣ್ಣಿನಲ್ಲಿ ಅದು ಕೊಳೆಯುತ್ತದೆ. ನೀರನ್ನು ಎಲೆಯಲ್ಲಿಯೇ ಹೊತ್ತಿರುವ ಗಿಡಕ್ಕೆ ಬಾಯಾರಿಕೆ ಬಲು ನಿಧಾನ.

ಬಾಗಲಕೋಟೆಯ ಸೀಮೆಯವರಿಗೆ ಇದನ್ನು ವಿವರಿಸುವುದು ಸುಲಭ. ಎರೆಮಣ್ಣು ನೀರನ್ನು ಹಿಡಿದರೆ ಬಿಡದು. ಮಸಾರಿಯಲ್ಲಿ ಬಿದ್ದ ನೀರು ನಿಲ್ಲದು. ಹಾವರ್ಥಿಯಕ್ಕೆ ಎರೆ ವರ್ಜ್ಯ. ದಪ್ಪ ಮರಳು, ಜರಡಿ ಹಿಡಿದ ಗರಸು, ಇಟ್ಟಿಗೆಯ ಚೂರು ಇವು ಮುಕ್ಕಾಲು ಪಾಲು, ಹಳೆಯ ಎಲೆಗೊಬ್ಬರ ಕಾಲು ಪಾಲು ಬೆರೆಸಿ, ತಳದಲ್ಲಿ ತೂತಿರುವ ಮಣ್ಣಿನ ಕುಂಡದಲ್ಲಿ ನೆಡಬೇಕು. ಮಣ್ಣು ಪೂರ್ತಿ ಆರಿದ ಮೇಲೆ ಚೆನ್ನಾಗಿ ಒಂದು ಸಲ ನೀರು. ಮತ್ತೆ ಆರುವವರೆಗೆ ಕುಂಡವನ್ನು ಮರೆತುಬಿಡಬಹುದು. ಎಲೆಗಳ ನಡುವಣ ಸುಳಿಯಲ್ಲಿ ನೀರು ನಿಲ್ಲಬಾರದು.

ಇದರ ಬೆಳವಣಿಗೆಯ ಕಾಲವೂ ನಮ್ಮ ಎಣಿಕೆಗೆ ತಿರುಗುಮುರುಗು. ಮುಂಗಾರು ಬಂದರೆ ಎಲ್ಲ ಚಿಗುರುವುದು ನಮ್ಮ ರೂಢಿ. ಹಾವರ್ಥಿಯ ಹಿಗ್ಗುವುದು ಮಳೆ ಹಿಂದೆಗೆದು ಚಳಿ ಇಣುಕುವಾಗ, ದಸರೆಯಿಂದ ಶಿವರಾತ್ರಿಯವರೆಗೆ. ಮರಳುಗಾಡಿನ ಗಿಡವೆಂದು ಭಾವಿಸಿ ಮಾಳಿಗೆಯ ಮೇಲೆ ಬೇಸಗೆಯ ನಡುಬಿಸಿಲಿಗೆ ಇಟ್ಟವರು ಅದು ಮೊದಲು ಕೆಂಪಾಗಿ ಬಳಿಕ ಬೆಂದುಹೋಗುವುದನ್ನು ನೋಡುತ್ತಾರೆ. ಆ ಕೆಂಪು ಸೌಂದರ್ಯವಲ್ಲ, ಹೆಚ್ಚಿದ ಬೆಳಕಿನ ವಿರುದ್ಧ ಗಿಡ ಹಾಕಿಕೊಂಡ ತೆರೆ. ನೆಲದೊಳಗೆ ಮುದುಡಿಕೊಳ್ಳಬೇಕಾದ ಗಿಡವನ್ನು ಕುಂಡದಲ್ಲಿ ಮೇಲೆತ್ತಿ ನಿಲ್ಲಿಸಿದ ಮೇಲೆ ನೆರಳಿನ ಹೊಣೆ ಸಾಕಿದವರದು. ಬೆಳಗಿನ ಎರಡು ಗಂಟೆಯ ಎಳೆಬಿಸಿಲು, ಮಿಕ್ಕ ಹೊತ್ತು ತಿಳಿನೆರಳು ಇಷ್ಟು ಸಾಕು. ಪೂರ್ವದ ಕಿಟಕಿ ಪ್ರಶಸ್ತ. ಕಡುಬೇಸಗೆಯಲ್ಲಿ ಅದು ನಿದ್ರಿಸುತ್ತದೆ; ಆಗ ಎಬ್ಬಿಸಲು ನೀರೆರೆಯುವುದು ಅಪಾಯ.

ತವರಿನಲ್ಲಿ ಇದಕ್ಕೆ ಬೇರೆಯೇ ಗಂಡಾಂತರ ಬಂದಿದೆ. ಈ ಗಿಡಗಳ ಎಷ್ಟೋ ರೂಪಗಳು ಒಂದೇ ಇಳಿಜಾರಿನಲ್ಲಿ, ಒಂದೇ ಬಂಡೆಯ ಮಗ್ಗುಲಲ್ಲಿ ಮಾತ್ರ ಬೆಳೆಯುತ್ತವೆ. ಒಂದು ರಾತ್ರಿ ನಾಲ್ಕು ಜನ ಚೀಲ ಹಿಡಿದು ಬಂದರೆ ಆ ರೂಪ ಭೂಮಿಯಿಂದಲೇ ಅಳಿಸಿಹೋಗಬಹುದು. 2019ರಿಂದ ಈಚೆಗೆ ರಸಭರಿತ ಗಿಡಗಳ ಕಳ್ಳಸಾಗಣೆ ದಕ್ಷಿಣ ಆಫ್ರಿಕದಲ್ಲಿ ಮಿತಿಮೀರಿ ಹೆಚ್ಚಿದೆ. ಕೆಲವೇ ವರ್ಷಗಳಲ್ಲಿ ಅಧಿಕಾರಿಗಳು ವಶಪಡಿಸಿಕೊಂಡ ಗಿಡಗಳ ಸಂಖ್ಯೆಯೇ ಹತ್ತು ಲಕ್ಷವನ್ನು ಮೀರಿತು. ಅವುಗಳಲ್ಲಿ ಹೆಚ್ಚಿನವು ಹಾವರ್ಥಿಯವಲ್ಲ, ಕೋನೋಫೈಟಮ್ ಎಂಬ ಇನ್ನೊಂದು ಕುಲದ ಗುಂಡುಗಿಡಗಳು. ಆದರೆ ಕಳ್ಳನ ಚೀಲಕ್ಕೆ ಕುಲಭೇದವಿಲ್ಲ. ಕಂಡರೂ ಕಾಣದಂತಿರುವುದೇ ಯಾವ ಗಿಡದ ರಕ್ಷೆಯಾಗಿತ್ತೋ ಅದರ ನೆಲೆ ಒಮ್ಮೆ ಗೊತ್ತಾದ ಮೇಲೆ ರಕ್ಷೆಯೇ ಇಲ್ಲದಾಯಿತು.

ಇದರಲ್ಲಿ ವಿಪರೀತವೇನೆಂದರೆ, ಕದಿಯಬೇಕಾದ ಅಗತ್ಯವೇ ಇಲ್ಲ. ಹಾವರ್ಥಿಯ ಕೂಪರಿಯಷ್ಟು ಸುಲಭವಾಗಿ ಮರಿಹಾಕುವ ಗಿಡಗಳು ಕಡಮೆ. ಜಪಾನಿನ ಬೆಳೆಗಾರರು ತಲೆಮಾರುಗಳಿಂದ ಬೀಜ ಬಿತ್ತಿ, ಒಂದಕ್ಕೊಂದು ಕೂಡಿಸಿ, ಕಾಡಿನಲ್ಲಿ ಎಂದೂ ಇಲ್ಲದ ಚಿತ್ತಾರದ ಬೆಳಕಿಂಡಿಗಳನ್ನು ಪಡೆದಿದ್ದಾರೆ. ಕತ್ತಿಯಿಂದ ತುದಿ ಕೊಯ್ದಂತೆ ಕಾಣುವ, ಎಲೆಗಳು ಬೀಸಣಿಗೆಯಂತೆ ಸಾಲಾಗಿ ನಿಲ್ಲುವ ಟ್ರಂಕೇಟ ಎಂಬ ಪ್ರಭೇದದ ಮೇಲೆ ಅವರಿಗೆ ವಿಶೇಷ ಮೋಹ. ನಮ್ಮಲ್ಲಿಯೂ ತೋಟಗಳಲ್ಲಿ ಮರಿಮಾಡಿದ ಗಿಡ ಅಗ್ಗವಾಗಿಯೇ ದೊರೆಯುತ್ತದೆ. ಒಂದೇ ಅಳತೆಯ, ಕಲೆಯಿಲ್ಲದ, ತುಂಬುಬೇರಿನ ಸಸಿ ತೋಟದ್ದು. ಬೇರು ಹರಿದ, ಎಲೆ ಸವೆದ, ಒಂದೊಂದು ಒಂದೊಂದು ಆಕಾರದ ಗಿಡವನ್ನು ಯಾರಾದರೂ ಅಪರೂಪದ್ದೆಂದು ಹೆಚ್ಚಿನ ಬೆಲೆಗೆ ಮಾರಬಂದರೆ ಎಲ್ಲಿಂದ ತಂದಿರೆಂದು ಕೇಳುವುದು ಲೇಸು.

ಮರಿಯನ್ನು ಬಿಡಿಸುವ ಕೆಲಸಕ್ಕೆ ದೀಪಾವಳಿಯ ಸುಮಾರು ಒಳ್ಳೆಯ ಕಾಲ. ಕುಂಡದಿಂದ ಇಡೀ ಗೊಂಚಲನ್ನು ಹೊರತೆಗೆದು, ಮಣ್ಣು ಕೊಡವಿ, ತನ್ನದೇ ಬೇರು ಬಿಟ್ಟಿರುವ ಮರಿಯನ್ನು ನೋಡಿ ಬೆರಳಿನಿಂದ ಮೆಲ್ಲನೆ ಹೊರಳಿಸಿದರೆ ಕಳಚಿಕೊಳ್ಳುತ್ತದೆ. ಟೊಳ್ಳಾಗಿ ಒಣಗಿದ ಹಳೆಯ ಬೇರುಗಳನ್ನು ಕಂಡು ಗಾಬರಿಯಾಗಬೇಕಿಲ್ಲ. ಹಳೆಯ ಬೇರು ಕಳೆದು ಹೊಸದನ್ನು ಬಿಡುವುದು ಇದರ ಸಹಜಧರ್ಮ. ಗಾಯ ಒಣಗಲು ಮರಿಯನ್ನು ಎರಡು ಮೂರು ದಿನ ನೆರಳಿನಲ್ಲಿ ಬರಿದೇ ಬಿಡಬೇಕು. ಆಮೇಲೆ ನೆಟ್ಟು, ನೀರಿಗೆ ಇನ್ನೂ ಒಂದು ವಾರ ಕಾಯಬೇಕು. ಬೇರು ಹತ್ತಿತೋ ಇಲ್ಲವೋ ಎಂದು ದಿನವೂ ಕಿತ್ತು ನೋಡುವ ಆತುರ ಬೇಡ. ಎಲೆಗಳ ಸುಕ್ಕು ಬಿಚ್ಚಿಕೊಂಡು, ತುದಿಯ ಗಾಜು ಮತ್ತೆ ಉಬ್ಬಿ ತಿಳಿಯಾದರೆ ಹತ್ತಿತೆಂದೇ ಅರ್ಥ. ಬೆಳೆದ ಗಿಡದಿಂದ ವರ್ಷಕ್ಕೊಮ್ಮೆ ಕಡ್ಡಿಯಂಥ ತೆಳುವಾದ ದಂಟು ಮೇಲೆದ್ದು, ಬೆಳ್ಳಗಿನ ಪುಟ್ಟ ಹೂಗಳನ್ನು ಒಂದೊಂದಾಗಿ ಅರಳಿಸುತ್ತದೆ. ನೋಡಲು ಏನೂ ಇಲ್ಲವೆಂದು ಹಲವರು ಅದನ್ನು ಚಿವುಟಿ ಎಸೆಯುತ್ತಾರೆ.